ಅರ್ಧ ಗಂಟೆ ಮುಂದಿದ್ದ ಮನೆ

ಆ ಹುಡುಗನಿಗೆ ಶಾಲೆಯ ಹಾಜರಿಯಲ್ಲಿ ಒಂದು ಹೆಸರಿತ್ತು, ಆದರೆ ಕಟ್ಟಡದವರೆಲ್ಲ ಕರೆಯುತ್ತಿದ್ದದ್ದು ಆಮೇಲಪ್ಪ ಎಂದು. ಮೇಲಿನ ಮನೆಯ ಟೈಲರ್ ಆಂಟಿ ಇಟ್ಟ ಹೆಸರು ಅದು. ಚಿಕ್ಕವನಿದ್ದಾಗ ಅವರು ಮೆಟ್ಟಿಲ ಮೇಲಿಂದ ಬಗ್ಗಿ, "ಮರಿ, ಅಂಗಡಿಯಿಂದ ಒಂದು ರೀಲು ಬಿಳಿ ದಾರ ತಂದುಕೊಡ್ತೀಯಾ?" ಎಂದು ಕೇಳಿದರೆ, ಇವನು ಚಾಪೆಯ ಮೇಲೆ ಮಲಗಿದ್ದಲ್ಲಿಂದಲೇ "ಆಮೇಲೆ" ಎನ್ನುತ್ತಿದ್ದ. ಇಲ್ಲ ಎಂದವನೇ ಅಲ್ಲ. ಇಲ್ಲ ಎಂದಿದ್ದರೆ ಬೈದು ಸುಮ್ಮನಾಗಬಹುದಿತ್ತು. ಆಮೇಲೆ ಎಂದವನನ್ನು ಕಾಯಬೇಕಾಗುತ್ತದೆ.

"ಹೊಟ್ಟೆಯಲ್ಲಿದ್ದಾಗಲೇ ಇವನು ಹೀಗೆ. ಡಾಕ್ಟರು ಹೇಳಿದ ದಿನ ಕಳೆದು ವಾರ ಆದರೂ ಹೊರಗೆ ಬರಲಿಲ್ಲ" ಎಂದು ಅವನ ಅಮ್ಮ ಹೇಳಿ ನಗುತ್ತಿದ್ದಳು. ಹದಿನೇಳು ತುಂಬಿದ ಮೇಲೆ ಆ ನಗು ಸ್ವಲ್ಪ ಕಡಿಮೆಯಾಗಿತ್ತು.

ಸೋಮಾರಿಗಳು ನೆಮ್ಮದಿಯಾಗಿರುತ್ತಾರೆ ಎಂದುಕೊಳ್ಳುವವರು ಇವನನ್ನು ನೋಡಬೇಕಿತ್ತು. ಮಲಗಿದರೆ ಒಂದು ಕಾಲು ಅಲ್ಲಾಡುತ್ತಲೇ ಇರುತ್ತಿತ್ತು. ಫೋನಿನ ಮೇಲೆ ಹೆಬ್ಬೆರಳು ಓಡುತ್ತಿತ್ತು, ಒಂದು ವಿಡಿಯೋ ಮುಗಿಯುವ ಮೊದಲೇ ಇನ್ನೊಂದಕ್ಕೆ. ಎದ್ದು ನೀರು ಕುಡಿಯಬೇಕೆಂದು ಗಂಟೆಗಟ್ಟಲೆ ಅಂದುಕೊಂಡು, ಏಳದೆ, ಕೊನೆಗೆ ಬಾಯಾರಿಕೆಯ ಮೇಲೇ ಸಿಟ್ಟು ಮಾಡಿಕೊಳ್ಳುತ್ತಿದ್ದ. ಉಗುರುಗಳೆಲ್ಲ ಕಚ್ಚಿ ಕಚ್ಚಿ ಮೊಂಡಾಗಿದ್ದವು.

ಅವನನ್ನು ಎಬ್ಬಿಸುವುದು ಅಮ್ಮನ ಬೆಳಗಿನ ಕೆಲಸಗಳಲ್ಲಿ ಎಲ್ಲಕ್ಕಿಂತ ಭಾರವಾದದ್ದು. ಅದಕ್ಕೆಂದೇ ಅವಳು ನಡುಮನೆಯ ಗಡಿಯಾರವನ್ನು ಮುಂದೆ ತಳ್ಳಿದ್ದಳು. ಮೊದಲು ಐದು ನಿಮಿಷ. ಅವನು ಅದನ್ನು ಪತ್ತೆ ಹಚ್ಚಿ ಐದು ನಿಮಿಷ ಹೆಚ್ಚು ಮಲಗತೊಡಗಿದ. ಅವಳು ಹತ್ತು ಮಾಡಿದಳು. ಅವನು ಹತ್ತು ಕಳೆದ. ಗಣಿತದಲ್ಲಿ ಅವನಿಗೆ ಚೆನ್ನಾಗಿ ಬರುತ್ತಿದ್ದದ್ದು ಅದೊಂದೇ ಲೆಕ್ಕ. ಹೀಗೆ ತಾಯಿ ಮಗ ಜಗ್ಗಾಡಿ ಜಗ್ಗಾಡಿ ಅರ್ಧ ಗಂಟೆಗೆ ಬಂದು ನಿಂತಿದ್ದರು. ಅಷ್ಟರಲ್ಲಿ ವರ್ಷಗಳೇ ಕಳೆದಿದ್ದವು. ಅಪ್ಪನಿಗೂ ಅಭ್ಯಾಸವಾಗಿತ್ತು. ಮೇಲಿನಿಂದ ಟೈಲರ್ ಆಂಟಿ "ಟೈಮೆಷ್ಟು?" ಎಂದು ಕೂಗಿದರೆ, "ನಮ್ಮದಾ, ಊರಿನದಾ?" ಎಂದು ಅಪ್ಪ ಕೇಳುತ್ತಿದ್ದರು. ಗೋಡೆ ನೋಡಿದ ಕೂಡಲೇ ಮನೆಯವರ ತಲೆಯೊಳಗೆ ಅರ್ಧ ಗಂಟೆ ತಾನಾಗಿ ಕಳೆದುಹೋಗುತ್ತಿತ್ತು.

ಇಷ್ಟೆಲ್ಲ ಇದ್ದೂ ಆ ಬೇಸಿಗೆಯಲ್ಲಿ ಅವನು ತರಬೇತಿ ಶಾಲೆಯ ಆಯ್ಕೆ ಪರೀಕ್ಷೆ ತಪ್ಪಿಸಿಕೊಂಡ. ಎಲೆಕ್ಟ್ರಿಷಿಯನ್ ಆಗಬೇಕೆಂದು ಅವನೇ ಆಸೆಪಟ್ಟಿದ್ದ. ಮುರಿದ ಫ್ಯಾನು, ಮಿಕ್ಸಿ ಬಿಚ್ಚುವುದರಲ್ಲಿ ಮಾತ್ರ ಅವನ ಕಾಲು ಅಲ್ಲಾಡುವುದು ನಿಲ್ಲುತ್ತಿತ್ತು. ಪರೀಕ್ಷೆಯ ಬೆಳಿಗ್ಗೆ ಅಮ್ಮ ಎಬ್ಬಿಸಿದಳು, ನೀರು ಚಿಮುಕಿಸಿದಳು, ಹೊದಿಕೆ ಎಳೆದಳು. "ಎದ್ದೆ ಎದ್ದೆ" ಎಂದ. ಅವಳು ಬಟ್ಟೆ ಹರವಿ ಬರುವಷ್ಟರಲ್ಲಿ ಮತ್ತೆ ಮಲಗಿದ್ದ. ಶಾಲೆಯ ಗೇಟು ಮುಟ್ಟಿದಾಗ ಕಾವಲುಗಾರ ಬೀಗ ಹಾಕಿ ಪೇಪರು ಓದುತ್ತಿದ್ದ. "ಮುಂದಿನ ವರ್ಷ ಬಾರಪ್ಪ" ಎಂದ, ತಲೆ ಎತ್ತದೆ.

ಅಪ್ಪ ಬಿಡಿಭಾಗಗಳ ಅಂಗಡಿಯಲ್ಲಿ ಗುಮಾಸ್ತರು, ಸಾಧು ಮನುಷ್ಯ. ಮನೆಯಲ್ಲಿ ಯಾರ ಕೆಲಸಕ್ಕೂ ಅಡ್ಡ ಬಂದವರಲ್ಲ, ಕೈ ಹಾಕಿದವರೂ ಅಲ್ಲ. ಅವರು ಅಂದದ್ದು ಇಷ್ಟೇ: "ಇನ್ನೊಂದು ಸಲ ಎಬ್ಬಿಸಬಾರದಿತ್ತೇನೆ?"

ಹುಡುಗ ಗೋಡೆಗೆ ಮುಖ ಮಾಡಿ ಮಲಗಿಯೇ ಆ ಮಾತು ಕೇಳಿಸಿಕೊಂಡ. ಅಮ್ಮನ ಪಾತ್ರೆಗಳ ಸದ್ದು ಸ್ವಲ್ಪ ಜೋರಾಯಿತು.

ಅದಾದ ಮೇಲೆ ಅವನ ಉದ್ಧಾರ ಶುರುವಾಯಿತು. ಫೋನಿನೊಳಗೆ ತೋಳು ಉಬ್ಬಿಸಿಕೊಂಡ ಒಬ್ಬ ಮನುಷ್ಯ, "ನಿನ್ನ ಬದುಕಿಗೆ ನೀನೇ ಹೊಣೆ, ನಾಳೆ ಬೆಳಿಗ್ಗೆಯಿಂದಲೇ ಎದ್ದು ನಿಲ್ಲು" ಎಂದು ಗುಡುಗುತ್ತಿದ್ದ. ಹುಡುಗನಿಗೆ ಮೈಯೆಲ್ಲ ಇರುವೆ ಹರಿದ ಹಾಗಾಯಿತು. ಅಡುಗೆಮನೆಗೆ ಹೋಗಿ ಹೇಳಿದ, "ಅಮ್ಮ, ನಾಳೆಯಿಂದ ನಾನೇ ಬದಲಾಗ್ತೀನಿ. ಕತ್ತಲಿರೋವಾಗಲೇ ಏಳ್ತೀನಿ."

"ಒಳ್ಳೇದಪ್ಪ."

"ನೀನು ಎಬ್ಬಿಸು."

ಅಮ್ಮ ಎಬ್ಬಿಸಿದಳು. ಅವನು ಎದ್ದ, ಹೊದಿಕೆ ಮಡಿಚಿದ, ಮಡಿಚಿದ್ದರ ಫೋಟೋ ತೆಗೆದು ಗೆಳೆಯರಿಗೆ ಕಳಿಸಿದ, ಓಡಿದ, ತಣ್ಣೀರು ಸುರಿದುಕೊಂಡ. ಒದ್ದೆ ಟವೆಲು ಬಚ್ಚಲ ಬಾಗಿಲಲ್ಲಿ ಬಿದ್ದಿತ್ತು. ಬೆವರಿದ ಬನಿಯನ್ನು ಕುರ್ಚಿಯ ಮೇಲೆ, ಮಾರನೆಯ ದಿನದ್ದು ಅದರ ಮೇಲೆ. ಓಡಿ ಬಂದ ತಕ್ಷಣ ಮೊಟ್ಟೆ ಬೇಯಿಸಿರಬೇಕು, ಮೊಳಕೆ ಕಾಳು ಬಟ್ಟೆಯಲ್ಲಿ ಕಟ್ಟಿರಬೇಕು, ಕುಡಿಯುವ ನೀರು ಉಗುರುಬೆಚ್ಚಗಿರಬೇಕು. ಎಲ್ಲವೂ ಇರುತ್ತಿತ್ತು. ಎಲ್ಲಿಂದ ಬಂತೆಂದು ಅವನಿಗೆ ಹೊಳೆಯಲೇ ಇಲ್ಲ. ವಿಡಿಯೋದ ಮನುಷ್ಯನ ಹತ್ತಿರವೂ ಅವು ಹಾಗೇ ಇರುತ್ತಿದ್ದವಲ್ಲ, ಬಿಳಿ ಬಟ್ಟಲಲ್ಲಿ, ಯಾರ ಕೈಯೂ ಕಾಣದ ಹಾಗೆ.

ಟೈಲರ್ ಆಂಟಿಗೆ ಆ ಕೈ ಕಾಣುತ್ತಿತ್ತು. ಒಂದು ಸಂಜೆ ಹುಡುಗ ಮೆಟ್ಟಿಲ ತಿರುವಿನಲ್ಲಿ ದಂಡ ಹೊಡೆಯುತ್ತಿದ್ದಾಗ ಮೇಲಿನಿಂದ ಅವರ ಮಾತು ಕೇಳಿಸಿತು. ಹೊಲಿಗೆ ಯಂತ್ರದ ಸದ್ದು ನಿಂತಿತ್ತು.

"ಅಲ್ಲ ಕಣೇ, ಮಗ ಉದ್ಧಾರ ಆಗೋಕೆ ನೀನು ಎಷ್ಟು ಹೊತ್ತಿಗೆ ಏಳ್ತಿದ್ದೀಯ ಈಗ?"

"ಏನೋ ಅಕ್ಕ, ಹುಮ್ಮಸ್ಸಿನಲ್ಲಿದ್ದಾನೆ. ತಣ್ಣೀರು ಎರಚೋದು ಬೇಡ."

"ಅವನೇ ಎರಚ್ಕೊತಾನಲ್ಲ ದಿನಾ! ಅದು ಹೋಗಲಿ, ಲಾಂಡ್ರಿ ವಿಷಯ ಏನು ಮಾಡಿದೆ?"

ಅಮ್ಮ ದೊಡ್ಡ ಆಸ್ಪತ್ರೆಯೊಂದರ ಲಾಂಡ್ರಿಯಲ್ಲಿ ಇಸ್ತ್ರಿ ವಿಭಾಗದಲ್ಲಿದ್ದಳು. ಹಾಸಿಗೆ ಬಟ್ಟೆ, ರೋಗಿಗಳ ನಿಲುವಂಗಿ, ಆಪರೇಷನ್ ಕೋಣೆಯ ಹಸಿರು ಬಟ್ಟೆ, ಎಲ್ಲ ಬೇರೆಬೇರೆ ಮಡಿಕೆ. ಹತ್ತು ಗಂಟೆಯ ಪಾಳಿಗೆ ಹೋಗುತ್ತಿದ್ದಳು. ಬೆಳಗಿನ ಪಾಳಿ ನೋಡಿಕೊಳ್ಳುತ್ತಿದ್ದ ಹಿರಿಯ ಹೆಂಗಸು ನಿವೃತ್ತಿಯಾಗುತ್ತಿದ್ದಳು, ಆ ಜಾಗ ನೀನು ತಗೋ ಎಂದು ಮ್ಯಾನೇಜರು ಅಮ್ಮನನ್ನು ಕೇಳಿದ್ದ. ಆಸ್ಪತ್ರೆಯ ವ್ಯಾನು ಐದೂವರೆಗೆ ಬೀದಿ ಮೂಲೆಗೆ ಬರುತ್ತದೆ, ಕಾಯುವುದಿಲ್ಲ.

"ಬೇಡ ಅಂತ ಹೇಳೋದೇ ಸರಿ ಅನ್ಸತ್ತೆ" ಎಂದಳು ಅಮ್ಮ. "ನಾನು ಆ ಹೊತ್ತಿಗೆ ಹೊರಟರೆ ಈ ಮನೆ ಮಧ್ಯಾಹ್ನದವರೆಗೂ ಮಲಗಿರತ್ತೆ."

"ನಿನಗೆ ಆಸೆ ಇಲ್ವಾ?"

"ಇದೆ ಅಕ್ಕ. ಇಪ್ಪತ್ತು ವರ್ಷ ಬೇರೆಯವರು ಹೇಳಿದ ಹಾಗೆ ಮಡಿಚಿದೀನಿ. ಅಲ್ಲಿನ ಬಟ್ಟೆ ಕಪಾಟು ಹೇಗಿರಬೇಕು ಅಂತ ನನ್ನ ತಲೆಯಲ್ಲಿ ಒಂದು ಲೆಕ್ಕ ಇದೆ."

ಹುಡುಗ ದಂಡ ಹೊಡೆಯುವುದನ್ನು ನಿಲ್ಲಿಸಿ ಅಂಗೈಯೂರಿ ಹಾಗೇ ಇದ್ದ. ಅಮ್ಮನಿಗೆ ಆಸೆ ಎಂಬುದೊಂದು ಇರಬಹುದೆಂದು ಅವನು ಯೋಚಿಸಿಯೇ ಇರಲಿಲ್ಲ.

ಅಂದು ಊಟಕ್ಕೆ ಕೂತಾಗ ತಟ್ಟೆಯನ್ನೇ ನೋಡುತ್ತ ಹೇಳಿದ, "ಅಮ್ಮ, ನೀನು ಆ ಕೆಲಸ ಒಪ್ಕೋ. ಬೆಳಿಗ್ಗೆದು ನಾನು ನೋಡ್ಕೋತೀನಿ."

"ಯಾರು ಹೇಳಿದ್ರು ನಿಂಗೆ?"

"ಕೇಳಿಸ್ತು. ನಾನು ಮೊದಲಿನ ಹಾಗಿಲ್ಲಮ್ಮ ಈಗ."

ಅಪ್ಪ ಮಜ್ಜಿಗೆ ಸುರಿದುಕೊಳ್ಳುತ್ತ, "ನೋಡು, ಮಗನೇ ಹೇಳ್ತಿದ್ದಾನೆ" ಎಂದರು, ತಾವೂ ಏನೋ ಹೊಣೆ ಹೊತ್ತವರ ಹಾಗೆ.

ಅಮ್ಮ ಒಪ್ಪಿಕೊಂಡಳು. ಒಂದು ವಾರ ವ್ಯಾನು ತಪ್ಪಿಸದೆ ಬಾ, ಆಮೇಲೆ ಜಾಗ ನಿನ್ನದೇ ಎಂದನಂತೆ ಮ್ಯಾನೇಜರು. ಬಟ್ಟೆ ಒಗೆಯುವ ಯಂತ್ರಗಳ ಹತ್ತಿರವಿದ್ದ ಒಬ್ಬ ಗಂಡಸೂ ಅದೇ ಜಾಗದ ಮೇಲೆ ಕಣ್ಣಿಟ್ಟಿದ್ದ. ಅವನಿಗೆ ಮನೆಯಲ್ಲಿ ಯಾರನ್ನೂ ಎಬ್ಬಿಸುವುದಿರಲಿಲ್ಲ.

ಮೊದಲ ದಿನಗಳು ಸರಿಯಾಗಿಯೇ ನಡೆದವು, ಅಂದರೆ ಅಮ್ಮ ಇನ್ನೂ ಬೇಗ ಎದ್ದು ಎಲ್ಲ ಮುಗಿಸಿ, ಮುಚ್ಚಿಟ್ಟು, ಮಗನನ್ನು ಎಬ್ಬಿಸಿ ಹೋದಳು. ಅವನು ನಡುಮನೆ ಗುಡಿಸಿ ಕಸವನ್ನು ಬಾಗಿಲ ಹಿಂದೆ ಸೇರಿಸಿದ. ಅಪ್ಪನಿಗೆ ಚಹಾ ಬಿಸಿ ಮಾಡಿಕೊಟ್ಟ, ಒಲೆಯ ಮೇಲೆ ಚೆಲ್ಲಿದ್ದನ್ನು ಹಾಗೇ ಬಿಟ್ಟ. ಆದರೂ ಎದೆ ಉಬ್ಬಿತ್ತು. ಇಷ್ಟು ಸಾಲದು, ಇನ್ನೇನಾದರೂ ಮಾಡಬೇಕು, ದೊಡ್ಡದಾಗಿ ಮಾಡಬೇಕು ಎಂದು ಒಳಗೆ ಏನೋ ಒದ್ದಾಡುತ್ತಿತ್ತು.

ಆ ವಾರದ ನಡುವೆ ಒಂದು ಸಂಜೆ ವಿಡಿಯೋದ ಮನುಷ್ಯ, "ನಿನಗೆ ನೀನೇ ಸುಳ್ಳು ಹೇಳಿಕೊಳ್ಳುವುದನ್ನು ನಿಲ್ಲಿಸು" ಎಂದ. ಹುಡುಗ ತಲೆ ಎತ್ತಿದಾಗ ಎದುರಿಗೆ ಗಡಿಯಾರವಿತ್ತು. ಅದಕ್ಕಿಂತ ದೊಡ್ಡ ಸುಳ್ಳು ಆ ಮನೆಯಲ್ಲಿ ಎಲ್ಲಿತ್ತು? ತನ್ನ ಸೋಮಾರಿತನದ ಗುರುತು ಗೋಡೆಗೆ ನೇತುಬಿದ್ದು ಟಿಕ್ ಟಿಕ್ ಎನ್ನುತ್ತಿದೆ. ಅಮ್ಮ ಟೈಲರ್ ಆಂಟಿಯ ಮನೆಗೆ ಹೋಗಿದ್ದಳು. ಅವನು ಸ್ಟೂಲು ಹತ್ತಿ ಗಡಿಯಾರ ಇಳಿಸಿದ, ಹಿಂದಿನ ಧೂಳು ಒರೆಸಿದ, ಮುಳ್ಳು ತಿರುಗಿಸಿ ಊರಿನ ಗಂಟೆಗೆ ಸರಿಮಾಡಿದ. ಮತ್ತೆ ನೇತುಹಾಕಿ ದೂರ ನಿಂತು ನೋಡಿದಾಗ ಬೆನ್ನು ನೆಟ್ಟಗಾದ ಹಾಗನ್ನಿಸಿತು.

ಅಮ್ಮ ಮೇಲಿನಿಂದ ಬಂದವಳು ನೇರ ಒಳಗೆ ಹೋಗಿ ನಾಳೆಯ ತರಕಾರಿ ಹೆಚ್ಚತೊಡಗಿದಳು. ಹೇಳೋಣ ಎಂದು ಬಾಗಿಲವರೆಗೆ ಹೋದ. ಅವಳು ಏನೋ ಎಣಿಸುತ್ತಿದ್ದಳು. ಆಮೇಲೆ ಹೇಳಿದರಾಯಿತು ಎಂದುಕೊಂಡ.

ಮಾರನೆಯ ಬೆಳಿಗ್ಗೆ ಅಮ್ಮನಿಗೆ ಎಚ್ಚರವಾದದ್ದು ಎಂದಿನಂತೆ ಮೇಲಿನ ಮನೆಯ ನೀರಿನ ಮೋಟಾರಿನ ಸದ್ದಿಗೆ. ನಲ್ಲಿಯಲ್ಲಿ ನೀರು ಬಂದ ಕೂಡಲೇ ಟೈಲರ್ ಆಂಟಿ ಅದನ್ನು ಹಾಕುತ್ತಿದ್ದರು. ಅವಳ ಫೋನು ಸದಾ ಕೈಚೀಲದ ತಳದಲ್ಲಿ ಮಲಗಿರುವಂಥದ್ದು. ಗೋಡೆ ನೋಡಿದಳು, ಅರ್ಧ ಗಂಟೆ ಕಳೆದಳು, ಇವತ್ತು ನೀರು ಬೇಗ ಬಿಟ್ಟಿದ್ದಾರೆ ಎಂದುಕೊಂಡಳು. ಅಡುಗೆ ಮುಗಿಯಿತು. ಇನ್ನೂ ಬೇಕಾದಷ್ಟು ಹೊತ್ತಿದೆ. ಅರ್ಧ ಗಂಟೆ ಕೈಗೆ ಸಿಕ್ಕ ಹೆಂಗಸು ಏನು ಮಾಡುತ್ತಾಳೆ? ಕುರ್ಚಿಯ ಮೇಲಿನ ಬೆವರು ಬನಿಯನ್ನುಗಳನ್ನೆಲ್ಲ ತೆಗೆದು ಒಗೆದಳು. ಒಗೆದು ಹಿಂಡಿ ಹರವಿದಳು. ಆಮೇಲೂ ಸ್ವಲ್ಪ ಹೊತ್ತು ಉಳಿದಿದೆ ಎಂದು ಕಂಡಿತು. ಆಗ ಅವಳು ಎಷ್ಟೋ ವರ್ಷಗಳಿಂದ ಮಾಡದ ಕೆಲಸ ಮಾಡಿದಳು. ಒಂದು ಲೋಟ ಚಹಾ ಹಿಡಿದು ಹೊಸ್ತಿಲ ಮೇಲೆ ಕೂತಳು, ಬಿಸಿ ಇರುವಾಗಲೇ ಕುಡಿಯೋಣ ಎಂದು.

ಅಂದು ಹುಡುಗನಿಗೆ ಯಾರೂ ಎಬ್ಬಿಸದೆ ಎಚ್ಚರವಾಗಿತ್ತು. ಎದ್ದು ಬಂದು ನೋಡಿದರೆ ಅಮ್ಮ ಕೂತಿದ್ದಾಳೆ. ಕೂತ ಅಮ್ಮನನ್ನು ಹಿಂದಿನಿಂದ ನೋಡಿದ್ದೇ ಅವನಿಗೆ ನೆನಪಿರಲಿಲ್ಲ. ಹೆಗಲು ಇಷ್ಟು ಚಿಕ್ಕದಾ ಎನ್ನಿಸಿತು. ನನ್ನಿಂದಲೇ ಇವಳಿಗೆ ಇಷ್ಟು ಬಿಡುವು ಎಂದು ಖುಷಿಯಾಯಿತು.

ಆಗ ಬೀದಿಯಲ್ಲಿ ಹಾರ್ನು ಕೇಳಿಸಿತು. ಎರಡು ಸಲ.

"ಅಮ್ಮ, ವ್ಯಾನು!"

"ಥೂ, ಇನ್ನೂ ಎಲ್ಲಿ? ಅದು ಹಾಲಿನದಿರಬೇಕು" ಎನ್ನುತ್ತ ಅವಳು ತಿರುಗಿ ಗೋಡೆ ನೋಡಿದಳು. ಹೊರಗಿನ ಬೆಳಕು ನೋಡಿದಳು. ಮತ್ತೆ ಗೋಡೆ. ಲೋಟ ಕೆಳಗಿಟ್ಟಳು.

ಹುಡುಗ ಬರಿಗಾಲಲ್ಲಿ ಓಡಿದ. ಇಷ್ಟು ದಿನ ಅವನು ಓಡಿದ್ದು ಎಲ್ಲಿಗೂ ತಲುಪಬೇಕಿಲ್ಲದ ಓಟ. ಮೂಲೆ ತಲುಪಿದಾಗ ವ್ಯಾನಿನ ಕೆಂಪು ದೀಪ ಮುಂದಿನ ತಿರುವಿನಲ್ಲಿ ಮರೆಯಾಗುತ್ತಿತ್ತು. ಕೈ ಬೀಸಿದ, ಕೂಗಿದ. ಒಂದು ನಾಯಿ ಮಾತ್ರ ತಿರುಗಿ ನೋಡಿತು.

ಏದುಸಿರು ಬಿಡುತ್ತ ಬಂದಾಗ ಅಮ್ಮ ಚೀಲ ಹೆಗಲಿಗೇರಿಸಿ ನಿಂತಿದ್ದಳು.

"ಗಡಿಯಾರ ಮುಟ್ಟಿದ್ಯಾ?"

"ಸರಿ ಮಾಡ್ದೆ."

"ಯಾವಾಗ?"

"ನಿನ್ನೆ ಸಂಜೆ. ಹೇಳೋಣ ಅಂತಲೇ ಇದ್ದೆ. ಆಮೇ..."

ಆ ಪದ ಬಾಯಲ್ಲೇ ಉಳಿಯಿತು. ಅಮ್ಮ ಬೈದಿದ್ದರೆ ಚೆನ್ನಾಗಿತ್ತು. ಅವಳು ಚಪ್ಪಲಿ ಮೆಟ್ಟಿ ಬಸ್ಸು ಹಿಡಿಯಲು ಹೊರಟಳು. ಹೊಸ್ತಿಲ ಮೇಲೆ ಅರ್ಧ ಲೋಟ ಚಹಾ ಇತ್ತು, ಅದರಿಂದ ಇನ್ನೂ ಹಬೆ ಏಳುತ್ತಿತ್ತು.

ಇಡೀ ದಿನ ಅವನಿಗೆ ಕೂರಲಾಗಲಿಲ್ಲ, ನಿಲ್ಲಲಾಗಲಿಲ್ಲ. ಫೋನು ತೆಗೆದ, ವಿಡಿಯೋದ ಮನುಷ್ಯ ತೋಳು ಉಬ್ಬಿಸಿದ, ಮುಚ್ಚಿಟ್ಟ. ಅಂಗಳದಲ್ಲಿ ತಂತಿಯ ಮೇಲೆ ತನ್ನ ಬನಿಯನ್ನುಗಳು ಸಾಲಾಗಿ ಒಣಗುತ್ತಿದ್ದವು. ಅವುಗಳತ್ತ ನೋಡಲಾಗದೆ ಒಳಗೆ ಬಂದ. ಒಳಗೆ ಗಡಿಯಾರ. ಮತ್ತೆ ಹೊರಗೆ ಹೋದ.

ಸಂಜೆ ಅಮ್ಮ ಬಂದು ಕಾಲು ತೊಳೆದು ಕೂತಳು. ಮೂರೂ ಜನ ನಡುಮನೆಯಲ್ಲಿದ್ದರು.

"ಏನಂದ್ರು?" ಅಪ್ಪ ಕೇಳಿದರು.

"ಮನೆ ಗಡಿಯಾರ ಸರಿಹೋಯ್ತು, ಅದಕ್ಕೇ ತಡವಾಯ್ತು ಅಂದೆ. ಇಷ್ಟು ವರ್ಷದಲ್ಲಿ ಈ ಕಾರಣ ಹೊಸದು ಅಂದ್ರು." ಅವಳು ನಗಲು ನೋಡಿದಳು, ಆಗಲಿಲ್ಲ. "ಬರೋ ಸೋಮವಾರದಿಂದ ಮತ್ತೆ ಒಂದು ವಾರ. ಇನ್ನೊಂದು ಸಲ ತಪ್ಪಿದ್ರೆ ಆ ಮಿಷಿನ್ನಿನವನಿಗೇ ಅಂತೆ. ನನಗ್ಯಾಕೋ ಸಾಕು ಅನ್ನಿಸ್ತಿದೆ. ಹತ್ತು ಗಂಟೆ ಪಾಳಿನೇ ಇರ್ಲಿ ಅಂತ ನಾಳೆ ಹೇಳಿಬಿಡ್ತೀನಿ."

"ಅದೇನು ದೊಡ್ಡ ವಿಷಯ" ಎಂದು ಅಪ್ಪ ಸ್ಟೂಲು ಎಳೆದರು. ಮನೆಯ ಕೆಲಸಕ್ಕೆಂದು ಅವರು ಸ್ಟೂಲು ಎಳೆದದ್ದು ಅದೇ ಮೊದಲಿರಬೇಕು. "ಮುಂಚಿನ ಹಾಗೇ ಮುಂದಿಟ್ಟರೆ ಆಯ್ತು. ಎಲ್ಲ ಸರಿಹೋಗತ್ತೆ."

"ಮುಟ್ಟಬೇಡಿ ರೀ."

ಅಪ್ಪ ಒಂದು ಕಾಲು ಸ್ಟೂಲಿನ ಮೇಲಿಟ್ಟುಕೊಂಡೇ ನಿಂತರು.

"ಇವನು ಏಳಲಿ ಅಂತ ಗಡಿಯಾರದ ಕೈಲೂ ಸುಳ್ಳು ಹೇಳಿಸ್ದೆ. ಆ ಅರ್ಧ ಗಂಟೆ ಯಾರದು ಹೇಳಿ? ನಿಮ್ಮದಲ್ಲ, ಅವನದಲ್ಲ. ದಿನಾ ನಾನೇ ಹಾಕಿದ್ದು ಕೈಯಿಂದ." ಅವಳ ದನಿ ಏರಲಿಲ್ಲ. ತನ್ನ ಕೈಗಳನ್ನೊಮ್ಮೆ ನೋಡಿಕೊಂಡು ತಲೆ ಎತ್ತಿದಳು. "ಇಲ್ಲ. ಬೇಡ ಅಂತ ಹೇಳಲ್ಲ. ಯಾಕೆ ಹೇಳಬೇಕು? ಸೋಮವಾರದಿಂದ ನಾನು ಏಳ್ತೀನಿ, ಸ್ನಾನ ಮಾಡ್ತೀನಿ, ಹೋಗ್ತೀನಿ. ಅಷ್ಟೇ."

"ಮತ್ತೆ ಅಡುಗೆ?" ಎಂದರು ಅಪ್ಪ.

"ಅದನ್ನ ನನ್ನ ಕೇಳಬೇಡಿ."

ಹುಡುಗ ಬಾಗಿಲಿಗೆ ಒರಗಿ ನಿಂತಿದ್ದ. "ಅಮ್ಮ, ಬೆಳಿಗ್ಗೆ ಏನೇನು ಇರತ್ತೆ ಹೇಳು. ಬರ್ಕೋತೀನಿ."

"ಬರ್ಕೋಬೇಡ. ಬರ್ಕೊಂಡಿದ್ದು ಮುಗೀತು ಅಂತ ಹೊಡೆದುಹಾಕ್ತೀಯ. ಇದು ಮುಗಿಯೋದಲ್ಲ. ಭಾನುವಾರ ನನ್ನ ಹಿಂದೆ ಇರು, ನೋಡು."

ಭಾನುವಾರ ಅವನು ಅವಳ ಬೆನ್ನಿಗೇ ಅಂಟಿಕೊಂಡು ತಿರುಗಿದ. ನೀರು ನಿಲ್ಲುವ ಮೊದಲು ಡ್ರಮ್ಮು ತುಂಬಬೇಕು. ಡ್ರಮ್ಮು ತುಂಬುವಾಗ ಹಾಲಿಡಬೇಕು. ಹಾಲಿನ ಮೇಲೆ ಒಂದು ಕಣ್ಣಿಟ್ಟು ಈರುಳ್ಳಿ ಹೆಚ್ಚಬೇಕು. ಹೆಚ್ಚುತ್ತಿರುವಾಗಲೇ ಅಪ್ಪನ ಅಂಗಿಗೆ ಗುಂಡಿ ಇಲ್ಲವೆಂದು ನೆನಪಾಗಬೇಕು. ಯಾವುದೂ ಒಂದಾದ ಮೇಲೊಂದು ಬರುವುದಿಲ್ಲ, ಎಲ್ಲವೂ ಒಟ್ಟಿಗೇ ಕೂಗುತ್ತವೆ. "ನೀನು ಇದನ್ನೆಲ್ಲ ಹೇಗೆ ನೆನಪಿಟ್ಕೋತೀಯ?" ಎಂದ. "ಮರೆತ್ರೆ ಯಾರು ಬೈಸ್ಕೋತಾರೋ ಅವರಿಗೆ ನೆನಪಿರತ್ತೆ" ಎಂದಳು. ಒಂದು ವಿಷಯ ಮಾತ್ರ ಅವನಿಗೆ ವಿಚಿತ್ರವೆನ್ನಿಸಿತು. ಇಷ್ಟು ವರ್ಷ ಹಾಸಿಗೆಯಲ್ಲಿ ಸುಮ್ಮನೆ ಅಲ್ಲಾಡುತ್ತಿದ್ದ ಆ ಕಾಲು ಇಲ್ಲಿ ಒಲೆಯಿಂದ ನಲ್ಲಿಗೆ, ನಲ್ಲಿಯಿಂದ ಬಾಗಿಲಿಗೆ ಹೋಗುತ್ತಿತ್ತು.

ಸೋಮವಾರ ಅಮ್ಮ ಐದೂವರೆಗೆ ಹೋದಳು. ಮಂಗಳವಾರ ಹಾಲು ಉಕ್ಕಿ ಒಲೆ ಆರಿತು. ಬುಧವಾರ ಪಲ್ಯ ತಳ ಹತ್ತಿತು, ಅಪ್ಪ ಅದನ್ನು ಡಬ್ಬಿಯಲ್ಲಿ ನೋಡಿ ಏನೋ ಹೇಳಹೋದರು, ಮಗನ ಕಣ್ಣು ನೋಡಿ ಮುಚ್ಚಳ ಹಾಕಿದರು. ಓಡುವುದು ಸಂಜೆಗೆ ಹೋಯಿತು. ಬನಿಯನ್ನು ಅವನೇ ಒಗೆದ. ಸಾಬೂನು ಸರಿಯಾಗಿ ಹೋಗದೆ ಒಣಗಿದ ಮೇಲೆ ರಟ್ಟಿನ ಹಾಗಾಗಿತ್ತು. ಟೈಲರ್ ಆಂಟಿ ಮೇಲಿನಿಂದ ಇಣುಕಿದರು.

"ಏನೋ ಆಮೇಲಪ್ಪ, ಬೆಳಿಗ್ಗೆ ಬೆಳಿಗ್ಗೆ ಏನು ಸುಟ್ಟೆ?"

"ಮೂಗು ಒಳಗಿಟ್ಕೊಳ್ಳಿ ಆಂಟಿ, ಕೆಲಸ ಇದೆ."

"ಅಬ್ಬ! ಕೆಲಸ ಇದೆಯಂತೆ!" ಎಂದು ಅವರು ನಕ್ಕ ಸದ್ದು ಮೂರು ಮನೆಗೆ ಕೇಳಿಸಿತು.

ಆ ವಾರದ ಕೊನೆಯಲ್ಲಿ ಅಮ್ಮ ಬಂದು ಒಂದು ದೊಡ್ಡ ಬೀಗದಕೈ ಗೊಂಚಲನ್ನು ಗಡಿಯಾರದ ಕೆಳಗಿನ ಮೊಳೆಗೆ ಸಿಕ್ಕಿಸಿದಳು. ಲಾಂಡ್ರಿಯ ಕಪಾಟುಗಳದ್ದು. ಅಪ್ಪ ಅದನ್ನು ಮುಟ್ಟಿ ನೋಡಿ, "ಭಾರ ಇದೆ" ಎಂದರು. "ಹೂಂ" ಎಂದಳು ಅವಳು.

ಮುಂದಿನ ಸೋಮವಾರ ಹುಡುಗ ಒಂದು ಕೈಯಲ್ಲಿ ಸೌಟು, ಇನ್ನೊಂದರಲ್ಲಿ ಬಕೆಟ್ಟು ಹಿಡಿದು ನಡುಮನೆ ದಾಟುತ್ತಿದ್ದ. ಕಣ್ಣು ಗೋಡೆಗೆ ಹೋಯಿತು, ತಲೆ ಅರ್ಧ ಗಂಟೆ ಕಳೆಯಿತು, ಮತ್ತೆ ಕೂಡಿಸಿಕೊಂಡ. ಈ ಅಭ್ಯಾಸ ಹೋಗಲು ಇನ್ನೂ ಎಷ್ಟು ದಿನ ಬೇಕೋ. ಮಲಗುವ ಕೋಣೆಯಿಂದ ಅಪ್ಪನ ದನಿ ಬಂತು.

"ನನ್ನ ಕಾಲುಚೀಲ ಎಲ್ಲೋ?"

"ನಿನ್ನೆ ಎಲ್ಲಿ ಬಿಚ್ಚಿದ್ರೋ ಅಲ್ಲೇ ಅಪ್ಪ."

ಆಮೇಲೆ ಮಂಚದ ಕೆಳಗೆ ಯಾರೋ ತಡಕಾಡುವ ಸದ್ದು.

ಅಮ್ಮ ಸೀರೆ ಉಟ್ಟು, ಗೊಂಚಲು ಸೊಂಟಕ್ಕೆ ಸಿಕ್ಕಿಸಿ, ಚಹಾ ಲೋಟ ಹಿಡಿದು ಹೊಸ್ತಿಲ ಮೇಲೆ ಕೂತಿದ್ದಳು. ಒಂದೊಂದೇ ಗುಟುಕು, ಅವಸರವಿಲ್ಲದೆ. ಹುಡುಗ ಬಾಗಿಲಿಗೆ ಬಂದ, ಬೀದಿ ನೋಡಿದ, ಒಳಗೆ ಹೋದ, ಒಲೆ ಸಣ್ಣ ಮಾಡಿದ, ಮತ್ತೆ ಬಂದ.

"ಅಮ್ಮ, ವ್ಯಾನು ಬರೋ ಹೊತ್ತಾಯ್ತು."

"ಗೊತ್ತು."

"ಕುಡಿದು ಮುಗಿಸು ಮತ್ತೆ."

"ಬಿಸಿ ಇದೆ ಕಣೋ" ಎಂದು ಅವಳು ಲೋಟಕ್ಕೆ ಊದಿದಳು. "ಗಡಿಯಾರ ಸರಿಯಾಗಿದೆ ತಾನೇ? ಹೋಗು, ನಿನ್ನ ಹಾಲು ಉಕ್ಕತ್ತೆ."